ಆಫ್ರಿಕಾದ ನೆಲರೂಪಗಳ ಚಿತ್ರೀಕರಣ: ಟ್ರೈಪಾಡ್, ಡ್ರೋನ್, ಲಘು ವಿಮಾನ

ಡ್ರೋನ್ ಒಂದಿದ್ದರೆ ಆಫ್ರಿಕಾದ ಯಾವ ನೆಲವನ್ನಾದರೂ ಚಿತ್ರೀಕರಿಸಬಹುದೆಂಬ ನನ್ನ ನಂಬಿಕೆ ಸಡಿಲಗೊಂಡದ್ದು ನಮೀಬ್ ಮರುಭೂಮಿಯ ಸೋಸಸ್‌ವ್ಲೇಯಲ್ಲಿ. ಅಲ್ಲಿ ಮುಂಗಡ ಅನುಮತಿ ಪಡೆದು ಡ್ರೋನ್ ಹಾರಿಸಿದಾಗ, ಹಲವು ದಿಕ್ಕುಗಳಿಂದ ಬೀಸುವ ಗಾಳಿ ಮರಳನ್ನು ನಕ್ಷತ್ರದ ಬಾಹುಗಳಂತೆ ಒಟ್ಟಿರುವ ವಿನ್ಯಾಸವೇನೋ ಸ್ಪಷ್ಟವಾಗಿ ಕಂಡಿತು. ಆದರೆ 300 ಮೀಟರಿಗೂ ಎತ್ತರದ ದಿಬ್ಬಗಳು ಪರದೆಯ ಮೇಲೆ ಹಾಸಿದ ಬಟ್ಟೆಯ ಸುಕ್ಕುಗಳಂತೆ ಚಪ್ಪಟೆಯಾಗಿಬಿಟ್ಟವು.

ಮರುದಿನ ಸೂರ್ಯೋದಯಕ್ಕೆ ಮೊದಲೇ ಟ್ರೈಪಾಡ್ ನೆಟ್ಟು, ಉದ್ದನೆಯ ಲೆನ್ಸನ್ನು ಒಂದು ದಿಬ್ಬದ ನೆತ್ತಿಗೆ ಹಿಡಿದೆ. ಗಾಳಿಯ ಕಡೆಯಿಂದ ಜಿಗಿಯುತ್ತ ಏರಿ ಬಂದ ಮರಳಿನ ಕಣಗಳು ಅಂಚಿನಲ್ಲಿ ಗುಡ್ಡೆಯಾಗಿ, ಭಾರ ತಾಳಲಾರದೆ ಒಮ್ಮೆಗೇ ನಾಲಗೆಯಾಕಾರದಲ್ಲಿ ಗಾಳಿಮರೆಯ ಬದಿಗೆ ಜಾರಿ, ಅರ್ಧದಲ್ಲೇ ನಿಂತವು. ದಿಬ್ಬ ಹೇಗೆ ನಡೆಯುತ್ತದೆಂಬುದನ್ನು ಆ ಒಂದೇ ಶಾಟ್ ಹೇಳಿತು. ಅಲ್ಲೇ ಹತ್ತಿರದ ಡೆಡ್‌ವ್ಲೇಯ ಬಿಳಿ ಜೇಡಿನೆಲದಲ್ಲಿ ನಿಂತ ಒಣಮರವೊಂದನ್ನು ಮುಂದಿಟ್ಟುಕೊಂಡಾಗ ಹಿಂದಿನ ಕೆಂಪು ದಿಬ್ಬದ ಎತ್ತರವೂ ಕಣ್ಣಿಗೆ ದಕ್ಕಿತು. ಡ್ರೋನಿನ ಕ್ಯಾಮೆರಾವನ್ನು ಅಲುಗದಂತೆ ಹಿಡಿದಿಡುವ ಗಿಂಬಲ್‌ಗೆ ಅಷ್ಟರಲ್ಲಿ ಮರಳು ಹೊಕ್ಕು, ದಿಗಂತ ಎಡಕ್ಕೆ ವಾಲಲಾರಂಭಿಸಿತ್ತು. ನೆಲದ ಮೇಲೆ ಹೊದಿಕೆ ಹಾಸದೆ ಇಳಿಸಿದ್ದು ನನ್ನದೇ ತಪ್ಪು.

ತಾಂಜಾನಿಯಾದ ಗೊರೊಂಗೊರೊದಲ್ಲಿ ಡ್ರೋನಿಗೆ ನಾನು ಅನುಮತಿ ಪಡೆದಿರಲಿಲ್ಲ, ಟ್ರೈಪಾಡೊಂದೇ ಗತಿಯಾಗಿತ್ತು. ಸುಮಾರು 600 ಮೀಟರ್ ಆಳದ ಆ ಜ್ವಾಲಾಮುಖಿ ಕುಂಡವನ್ನು ವೈಡ್ ಲೆನ್ಸ್ ಬರೀ ತಟ್ಟೆಯಾಗಿಸುತ್ತದೆ. ಅಂಚಿನಲ್ಲಿ ನಿಂತು ನಿಧಾನವಾಗಿ ಪ್ಯಾನ್ ಮಾಡುವುದೇ, ಅಂದರೆ ಕ್ಯಾಮೆರಾವನ್ನು ಒಂದು ಬದಿಯಿಂದ ಇನ್ನೊಂದು ಬದಿಗೆ ತಿರುಗಿಸುವುದೇ ಮೇಲು.

ವಿಕ್ಟೋರಿಯಾ ಜಲಪಾತದಲ್ಲಿ ಮಾತ್ರ ಟ್ರೈಪಾಡ್ ಸಂಪೂರ್ಣವಾಗಿ ಸೋತಿತು. 1,708 ಮೀಟರ್ ಅಗಲದ ನೀರಿನ ಗೋಡೆಯೆದುರು ನಿಂತವನಿಗೆ ಸಿಗುವುದು ತುಂತುರು ಮತ್ತು ಎರಡು ನಿಮಿಷಕ್ಕೊಮ್ಮೆ ಒರೆಸಬೇಕಾದ ಲೆನ್ಸ್. ಲಘು ವಿಮಾನದಿಂದ ನೋಡಿದಾಗಲಷ್ಟೇ ಕೆಳಗಿನ ಅಂಕುಡೊಂಕು ಕಮರಿಗಳ ಸಾಲು ಅರ್ಥವಾಯಿತು: ಜಾಂಬೆಜಿ ನದಿ ಬಸಾಲ್ಟ್ ಶಿಲೆಯ ಬಿರುಕುಗಳನ್ನು ಒಂದಾದ ಮೇಲೊಂದರಂತೆ ಕೊರೆಯುತ್ತ ಹಿಂದೆ ಸರಿದಿದ್ದು, ಪ್ರತಿ ತಿರುವೂ ಒಂದು ಹಳೆಯ ಜಲಪಾತದ ಜಾಗ. ಎಂಜಿನ್ ನಡುಕದಿಂದ ಅರ್ಧಕ್ಕರ್ಧ ತುಣುಕುಗಳು ಹಾಳಾದರೂ ಉಳಿದವು ಕೊಟ್ಟ ಹಣಕ್ಕೆ ಮೋಸ ಮಾಡಲಿಲ್ಲ. ಕ್ಯಾಮೆರಾವನ್ನು ವಿಮಾನದ ಚೌಕಟ್ಟಿಗೆ ತಾಗಿಸದೆ ಕೈಯಲ್ಲೇ ಹಿಡಿದುಕೊಂಡಿದ್ದಾಗ ತೆಗೆದವೇ ಅವುಗಳಲ್ಲಿ ಹೆಚ್ಚು.