ಮುಖ ತೋರಿಸುವುದಿಲ್ಲ ಎಂದರು, ಮನೆಯನ್ನೇ ತೋರಿಸಿದರು

ಡಾಕ್ಯುಮೆಂಟರಿ ಮಾಡುತ್ತೇವೆ ಎಂದು ಯಾರಾದರೂ ಮನೆಗೆ ಬಂದರೆ, ಮೊದಲು ಇದನ್ನು ಓದಿ, ಆಮೇಲೆ ಚಾ ಕೊಡಿ.

ನಾನು ಕಾಸರಗೋಡಿನ ಬದಿಯಡ್ಕ ಕಡೆಯವಳು, ಹೊಲಿಗೆ ಕೆಲಸ. ಹೋದ ವರ್ಷ ಫೇಸ್‌ಬುಕ್ಕಿನಲ್ಲಿ ಪರಿಚಯವಾದ ‘ಹಡಗಿನ ಇಂಜಿನಿಯರ್’ ಒಬ್ಬನನ್ನು ನಂಬಿ 2,60,000 ರೂಪಾಯಿ ಕಳಕೊಂಡೆ. ಅದೇ ಹಳೇ ಕಥೆ. ಉಡುಗೊರೆ ಪಾರ್ಸೆಲ್, ದಿಲ್ಲಿ ಏರ್‌ಪೋರ್ಟಿನಲ್ಲಿ ಕಸ್ಟಮ್ಸಿನವರು ಹಿಡಿದಿದ್ದಾರೆ, ಇವತ್ತೇ ಫೀಸು ಕಟ್ಟಬೇಕು. ನಾನು ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಫೋನ್ ಮಾಡುವಾಗ 18 ದಿನ ಕಳೆದಿತ್ತು, ದುಡ್ಡು ಖಾತೆಯಿಂದ ಖಾತೆಗೆ ಹಾರಿಯಾಗಿತ್ತು. ಆ ನಾಚಿಕೆ ನನ್ನ ಪಾಲಿನದ್ದು, ಬಿಡಿ. ಹೇಳಬೇಕಾದ್ದು ಎರಡನೇ ಮೋಸ.

ಇಂಥ ವಂಚನೆಯ ತನಿಖೆ ಮಾಡಿ ಡಾಕ್ಯುಮೆಂಟರಿ ತೆಗೆಯುತ್ತೇವೆಂದು ಬೆಂಗಳೂರಿನಿಂದ ಮೂವರು ಬಂದರು. “ಅಕ್ಕ, ನಿಮ್ಮ ಮುಖ ತೋರಿಸುವುದಿಲ್ಲ. ಸ್ವರ ಬದಲಿಸುತ್ತೇವೆ ಅಕ್ಕ. ಇನ್ನೊಬ್ಬಳು ಉಳಿದರೆ ನಿಮಗೇ ಪುಣ್ಯ.” ಅಕ್ಕ, ಅಕ್ಕ, ಅಕ್ಕ. ‘ಊಟ ಆಯ್ತಾ ಅಕ್ಕ’ ಅಂತ ದಿನಾ ಮೆಸೇಜು ಬೇರೆ. (ಆ ಇಂಜಿನಿಯರನೂ ಇದನ್ನೇ ಕೇಳುತ್ತಿದ್ದದ್ದು. ಆಗಲೇ ನನಗೆ ಬುದ್ಧಿ ಬರಬೇಕಿತ್ತು.) ಕಿಟಕಿಗೆ ಬೆನ್ನು ಹಾಕಿ ಕೂರಿಸಿದರು, ಸೆರಗಿಗೆ ಮೈಕ್ ಸಿಕ್ಕಿಸಿದರು, ನಾಲ್ಕು ಗಂಟೆ ಮಾತಾಡಿಸಿದರು. ತನಿಖೆಗೆ ಬೇಕು ಎಂದು ಚಾಟನ್ನೆಲ್ಲ ಫೋಟೋ ಹೊಡೆದುಕೊಂಡರು. ಹೊರಡುವ ಗಡಿಬಿಡಿಯಲ್ಲಿ ಇಂಗ್ಲಿಷಿನ ಎರಡು ಹಾಳೆ. “ಬರೀ ಫಾರ್ಮಾಲಿಟಿ ಅಕ್ಕ.” ಓದದೆ ಸಹಿ ಹಾಕಿದೆ.

ಕಳೆದ ವಾರ ಟೀಸರ್ ಬಂತು. ಮುಖ ಕಪ್ಪು, ಸರಿ. ಆದರೆ ಅಂಗಳದಲ್ಲಿ ಒಣಹಾಕಿದ ನಮ್ಮ ಅಡಿಕೆ, ನನ್ನ ಹೊಲಿಗೆ ಮಿಷನ್, ಅದರ ಮೇಲೆ ಕೈ ಕೂರಿಸದೆ ಬಿಟ್ಟ ಹಳದಿ ರವಕೆ! ಮೊದಲು ಫೋನ್ ಮಾಡಿದ್ದೇ ಆ ರವಕೆಯವಳು: “ಅಕ್ಕಾ, ಅದು ನನ್ನದಲ್ವಾ?” ಸ್ವರ ಇದ್ದ ಹಾಗೇ ಇದೆ. ನಾನು ಆ ಇಂಜಿನಿಯರನಿಗೆ ಬರೆದದ್ದನ್ನು ಯಾವಳೋ ಪಿಟೀಲಿನ ಹಿನ್ನೆಲೆಯಲ್ಲಿ ಓದುತ್ತಾಳೆ. ಕೈಕಾಲು ತಣ್ಣಗಾಯಿತು.

ಫೋನ್ ಮಾಡಿದೆ. “ಮೇಡಂ, ಮುಖ ಕಾಣ್ತಿಲ್ಲ ಅಲ್ವಾ?”

ಮೇಡಂ! ಸಹಿ ಬೀಳುವವರೆಗೆ ಅಕ್ಕ.

ಸ್ವರ ಯಾಕೆ ಬದಲಿಸಲಿಲ್ಲ? “ನಿಮ್ಮ ಕಾಸರಗೋಡು ಕನ್ನಡ ತುಂಬಾ ಆಥೆಂಟಿಕ್ ಆಗಿದೆ ಮೇಡಂ, ಚೇಂಜ್ ಮಾಡಿದ್ರೆ ಫೀಲ್ ಹೋಗುತ್ತೆ.” ತೆಗೆಯಿರಿ ಎಂದೆ. “ನೀವೇ ಸೈನ್ ಮಾಡಿದ್ದೀರಿ. ‘ಟಿಂಡರ್ ಸ್ವಿಂಡ್ಲರ್’ ನೋಡಿ ಮೇಡಂ, ಅವರು ಮುಖಾನೇ ತೋರಿಸಿದ್ದಾರೆ.” 2022ರ ಆ ಚಿತ್ರ ನಾನೂ ನೋಡಿದ್ದೇನೆ ಮಾರಾಯ್ರೇ. ಡೇಟಿಂಗ್ ಆ್ಯಪಿನಲ್ಲಿ ಸಿಕ್ಕವನಿಂದ ಮೋಸಹೋದ ಆ ಹೆಂಗಸರು ಗೊತ್ತಿದ್ದೇ, ಒಪ್ಪಿಯೇ ಕ್ಯಾಮರಾ ಮುಂದೆ ಕೂತವರು. ನನ್ನನ್ನು ಕೇಳಿದ್ದೀರಾ?

ಮತ್ತೆ ತನಿಖೆ ಎಲ್ಲಿ? ದುಡ್ಡು ಯಾರ ಖಾತೆಗೆ ಹೋಯಿತು, ಆ ಖಾತೆ ಯಾರದ್ದು, ಒಂದು ಮಾತಿಲ್ಲ. ಟೀಸರ್ ತುಂಬ ನಾನೇ.

ಬಂದವರು ಎಷ್ಟೇ ನಯವಾಗಿರಲಿ, ಒಪ್ಪಿಗೆ ಪತ್ರ ಕನ್ನಡದಲ್ಲಿ ಕೇಳಿ, ಒಂದು ಪ್ರತಿ ನಿಮ್ಮ ಕೈಯಲ್ಲಿರಲಿ. ನಿಮಗೆ ತೋರಿಸದೆ ಏನನ್ನೂ ಬಿಡಬಾರದು ಎಂದು ಅದರಲ್ಲೇ ಬರೆಸಿ. ಮನೆಯಲ್ಲಿ ಶೂಟಿಂಗ್ ಬೇಡವೇ ಬೇಡ. ಚಾಟ್ ಪೊಲೀಸರಿಗೆ ಕೊಡಿ, ಇಂಥವರಿಗಲ್ಲ. ನಮ್ಮೂರಲ್ಲಿ ಗುರುತು ಹಿಡಿಯಲು ಒಂದು ರವಕೆ ಸಾಕು, ಅವರಿಗೆಲ್ಲಿ ಗೊತ್ತು.

ಟೀಸರ್ ಕಣ್ಣಿಗೆ ಬಿದ್ದರೆ ನನ್ನ ಪರವಾಗಿ ಬೈಯಲಿಕ್ಕೆಂದೂ ಶೇರ್ ಮಾಡಬೇಡಿ. ‘ಟೀಮ್ ಜೊತೆ ಮಾತಾಡಿ ಹೇಳ್ತೀವಿ’ ಎಂದದ್ದು ಸೋಮವಾರ. ಅಲ್ಲಿಂದೀಚೆಗೆ ನನ್ನ ಒಂದು ಮೆಸೇಜಿಗೂ ನೀಲಿ ಗೆರೆ ಬಿದ್ದಿಲ್ಲ.