ಜಮೀನು ಕೊಟ್ಟವರ ನ್ಯಾಯಾಂಗ ನಿಂದನೆ ಅರ್ಜಿ: ಇ-ಕೋರ್ಟ್ಸ್ ಆ್ಯಪ್ ಎಲ್ಲಿಯವರೆಗೆ ಕೈಹಿಡಿಯುತ್ತದೆ?

ಕಾರ್ಖಾನೆಗೆ ಜಮೀನು ಬಿಟ್ಟುಕೊಟ್ಟು, ಹೈಕೋರ್ಟ್ ಆದೇಶ ಬಂದ ಮೇಲೂ ಕೆಲಸ ಸಿಗದೆ, ಆದೇಶ ಪಾಲಿಸಿಲ್ಲವೆಂದು ನ್ಯಾಯಾಂಗ ನಿಂದನೆ ಅರ್ಜಿ ಹಾಕುವ ಕುಟುಂಬಗಳು ಇ-ಕೋರ್ಟ್ಸ್ ಸರ್ವಿಸಸ್ ಆ್ಯಪ್ ಅನ್ನು ಫೋನ್‌ನಲ್ಲಿ ಇಟ್ಟುಕೊಳ್ಳಲೇಬೇಕು. ದುಡ್ಡು ಕೊಡಬೇಕಿಲ್ಲ. ಮುಂದಿನ ತಾರೀಖು, ಆದೇಶದ ಪಿಡಿಎಫ್ ಎರಡೂ ಸಿಗುತ್ತವೆ.

ಮೊದಲು ಜಿಲ್ಲಾ ನ್ಯಾಯಾಲಯದಿಂದ ಹೈಕೋರ್ಟ್‌ಗೆ ಬದಲಿಸಿ, ಧಾರವಾಡ, ಕಲಬುರಗಿ, ಬೆಂಗಳೂರು ಪೀಠಗಳಲ್ಲಿ ನಿಮ್ಮದನ್ನು ಆರಿಸಿ. ಕೈಯಲ್ಲಿ ಪ್ರತಿ ಪ್ರಕರಣಕ್ಕೂ ಕೊಡುವ 16 ಅಕ್ಷರ-ಅಂಕಿಗಳ ಗುರುತಿನ ಸಂಖ್ಯೆ, ಅಂದರೆ ಸಿಎನ್‌ಆರ್ ಇದ್ದರೆ ಹುಡುಕಾಟ ಸಲೀಸು. ಹೆಸರಿನಿಂದ ಹುಡುಕುವವರು ಎಡವುವುದು ಇಲ್ಲೇ: ಕೆಲಸ ಕೋರಿ ಹೈಕೋರ್ಟ್‌ಗೆ ಮೊದಲು ಹಾಕಿದ ರಿಟ್ ಅರ್ಜಿಯಲ್ಲಿ ಎದುರಾಳಿ ಕಂಪನಿಯಾಗಿದ್ದರೂ, ನಿಂದನೆ ಅರ್ಜಿಯಲ್ಲಿ ಆದೇಶ ಪಾಲಿಸದ ಅಧಿಕಾರಿಯ ಹೆಸರೇ ಇರಬಹುದು. ಕಂಪನಿ ಹೆಸರು ಹಾಕಿದರೆ ಏನೂ ಬರದಿರಬಹುದು. ಅರ್ಜಿದಾರರ ಹೆಸರು ಹಾಕಿ, ಇಂಗ್ಲಿಷ್ ಕಾಗುಣಿತ ಬದಲಿಸಿ ನೋಡಿ. ಸಿಕ್ಕ ಪ್ರಕರಣವನ್ನು 'ಮೈ ಕೇಸಸ್'ಗೆ ಸೇರಿಸಿ. ಆ ಪಟ್ಟಿ ಫೋನ್‌ನಲ್ಲೇ ಉಳಿಯುವುದರಿಂದ, ಫೋನ್ ಬದಲಿಸುವ ಮುಂಚೆ ಎಕ್ಸ್‌ಪೋರ್ಟ್ ಮಾಡಿಕೊಳ್ಳಿ.

ಆ್ಯಪ್‌ನ ನಿಜವಾದ ಬೆಲೆ ಇರುವುದು ಆ ಪಿಡಿಎಫ್‌ನಲ್ಲಿ. ಅದರ ಕೊನೆಯ ಪ್ಯಾರಾ ನಿಧಾನವಾಗಿ ಓದಿ. 'ಉದ್ಯೋಗ ಕೊಡಿ' ಎಂದಿದೆಯೋ, 'ಮನವಿಯನ್ನು ಮೂರು ತಿಂಗಳಲ್ಲಿ ಪರಿಗಣಿಸಿ' ಎಂದಿದೆಯೋ? ಎರಡನೆಯದಾದರೆ 'ಅರ್ಹತೆ ಇಲ್ಲ' ಎಂದು ಅಧಿಕಾರಿ ಒಂದು ಹಿಂಬರಹ (ಲಿಖಿತ ಉತ್ತರ) ಕೊಟ್ಟರೂ ಆದೇಶ ಪಾಲಿಸಿದಂತೆಯೇ. ಆ ತೀರ್ಮಾನ ತಪ್ಪಿದ್ದರೆ ಹೊಸ ರಿಟ್ ಹಾಕಬೇಕು, ನಿಂದನೆಯಡಿ ಪ್ರಶ್ನಿಸಲಾಗದು ಎಂದು ಜೆ.ಎಸ್. ಪರಿಹಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1996ರಲ್ಲೇ ಹೇಳಿದೆ. ಎಷ್ಟೋ ಮನೆಗಳ ಆಸೆ ಕಮರುವುದು 'ಪರಿಗಣಿಸಿ' ಎಂಬ ಈ ಒಂದು ಕ್ರಿಯಾಪದದಲ್ಲಿ. 2013ರ ಭೂಸ್ವಾಧೀನ ಕಾಯ್ದೆಯ ಎರಡನೇ ಅನುಸೂಚಿಯಲ್ಲಿ ಕುಟುಂಬಕ್ಕೊಂದು ಕೆಲಸ, ಇಲ್ಲವೇ 5 ಲಕ್ಷ ರೂಪಾಯಿ, ಇಲ್ಲವೇ 20 ವರ್ಷ ತಿಂಗಳಿಗೆ ಕನಿಷ್ಠ 2,000 ರೂಪಾಯಿ ವರ್ಷಾಶನ ಎಂಬ ಆಯ್ಕೆಗಳಿವೆ. ಆದರೆ ನಿಂದನೆ ಪೀಠ ನೋಡುವುದು ಮೂಲ ಆದೇಶವನ್ನು ಮಾತ್ರ. ರಿಟ್ ಹಾಕುವಾಗಲೇ ಕೋರಿಕೆಯನ್ನು ಬಿಗಿಯಾಗಿ ಬರೆಸಿ.

ಆ್ಯಪ್ ಹೇಳದ ಲೆಕ್ಕವೊಂದಿದೆ. 1971ರ ನ್ಯಾಯಾಂಗ ನಿಂದನೆ ಕಾಯ್ದೆಯ 20ನೇ ಕಲಂ ಪ್ರಕಾರ ಗಡುವು ಒಂದು ವರ್ಷ. ಅದು ಶುರುವಾಗುವುದು ಆದೇಶದ ದಿನದಿಂದಲ್ಲ, ಉಲ್ಲಂಘನೆಯ ದಿನದಿಂದ. ಆದೇಶದಲ್ಲಿ 'ದೃಢೀಕೃತ ನಕಲು ತಲುಪಿದ ಮೂರು ತಿಂಗಳಲ್ಲಿ' ಎಂದಿದ್ದು, ನಕಲು ಫೆಬ್ರವರಿ 1ಕ್ಕೆ ತಲುಪಿದ್ದರೆ ಮೇ 1ಕ್ಕೆ ಅವಧಿ ಮುಗಿದು ವರ್ಷದ ಎಣಿಕೆ ಶುರು. ನಡುವೆ ಎಷ್ಟು ಜ್ಞಾಪನಪತ್ರ ಕಳಿಸಿದರೂ ಗಡುವು ಹಿಗ್ಗದು. ಆ್ಯಪ್‌ನ ಪಿಡಿಎಫ್ ದೃಢೀಕೃತ ನಕಲಲ್ಲ, ಅದಕ್ಕೆ ಬೇರೆಯೇ ಅರ್ಜಿ ಹಾಕಬೇಕು. ನಕಲು ತಲುಪಿಸಿದ ಅಂಚೆ ಸ್ವೀಕೃತಿ ಚೀಟಿಯನ್ನು ಜೋಪಾನವಾಗಿಡಿ. ಕಂಪನಿ ಮೇಲ್ಮನವಿ ಹಾಕಿದೆ ಎಂದರೆ ಗಾಬರಿ ಬೇಡ. ತಡೆಯಾಜ್ಞೆ ಇಲ್ಲದಿದ್ದರೆ ಆದೇಶ ಜಾರಿಯಲ್ಲೇ ಇರುತ್ತದೆ. ಆ ಮೇಲ್ಮನವಿಯ ಸ್ಥಿತಿಯನ್ನೂ ಇದೇ ಆ್ಯಪ್‌ನಲ್ಲಿ ನೋಡಬಹುದು.

ಆ್ಯಪ್‌ನ ದೊಡ್ಡ ಕೊರತೆ, ಪ್ರಕರಣ ಮುಗಿದಿದೆ ಎನ್ನಲು ಅದು ತೋರಿಸುವ 'ಡಿಸ್ಪೋಸ್ಡ್' ಎಂಬ ಒಂದೇ ಪದ. ಕೆಲಸ ಕೊಟ್ಟು ಮುಗಿಯಿತೋ, ಹಿಂಬರಹ ತೋರಿಸಿ ಮುಗಿಸಿದರೋ, ಗಡುವು ಮೀರಿ ವಜಾ ಆಯಿತೋ ಅದರಿಂದ ತಿಳಿಯದು. ಅಧಿಕಾರಿ ಸಲ್ಲಿಸಿದ ಪ್ರಮಾಣಪತ್ರವೂ (ಅಫಿಡವಿಟ್) ಅಲ್ಲಿ ಸಿಗದು, ಅದರ ಪ್ರತಿಯನ್ನು ವಕೀಲರಿಂದಲೇ ಕೇಳಿ ಪಡೆಯಿರಿ.

ತಾರೀಖು, ಆದೇಶ ನೋಡಲು ಐದಕ್ಕೆ ನಾಲ್ಕು ಅಂಕ. ಫಲಿತಾಂಶ ತಿಳಿಯಲು ಎರಡು.