ಅಮೆರಿಕವೋ, ಬ್ರಿಟನ್ನೋ?

ಸಂವಿಧಾನ ಮತ್ತು ರಾಷ್ಟ್ರದ ಗುರುತು ಕುರಿತ ಪ್ರಬಂಧಕ್ಕೆ ಯಾವ ದೇಶವನ್ನು ಆರಿಸಲಿ ಎಂದು ಕೇಳಿದ್ದೀರಿ. ಸಮಯ ಕಡಿಮೆಯಿದ್ದರೆ ಅಮೆರಿಕ ಸುಲಭ: 1787ರಲ್ಲಿ ಬರೆದ ಒಂದೇ ಪಠ್ಯ, 27 ತಿದ್ದುಪಡಿಗಳು. ಹೊಸದಾಗಿ ಪೌರತ್ವ ಪಡೆಯುವವರು ಆ ಸಂವಿಧಾನವನ್ನು ಕಾಪಾಡುತ್ತೇವೆಂದೇ ಪ್ರಮಾಣ ಮಾಡುತ್ತಾರೆ.

ಬ್ರಿಟನ್ನಿನಲ್ಲಿ ಅಂಥ ಒಂದೇ ಗ್ರಂಥವಿಲ್ಲ. ದೊರೆಯ ಅಧಿಕಾರಕ್ಕೆ ಮಿತಿ ಹಾಕಿದ 1215ರ ಸನ್ನದು ಮ್ಯಾಗ್ನಾ ಕಾರ್ಟಾ, 1689ರ ಹಕ್ಕುಗಳ ಮಸೂದೆ, ರೂಢಿಗಳನ್ನೆಲ್ಲ ಜೋಡಿಸಿಕೊಳ್ಳಬೇಕು. ಶ್ರಮ ಹೆಚ್ಚು, ಫಲವೂ ಹೆಚ್ಚು. ಸಂಸತ್ತಿನ ಅಧಿವೇಶನ ಆರಂಭವಾಗುವ ದಿನ ದೊರೆಯ ದೂತರು ಬಂದರೆ ಜನರು ಆರಿಸಿದ ಕಾಮನ್ಸ್ ಸಭೆಯ ಬಾಗಿಲನ್ನು ಮುಖದೆದುರೇ ಮುಚ್ಚುತ್ತಾರೆ. ಮೂರು ಬಾರಿ ಬಡಿದ ಮೇಲಷ್ಟೇ ತೆರೆಯುತ್ತಾರೆ. ಜನಪ್ರತಿನಿಧಿಗಳ ಸ್ವಾಭಿಮಾನ ಇಷ್ಟು ಕಣ್ಣಿಗೆ ಕಟ್ಟುವ ಇನ್ನೊಂದು ಆಚರಣೆ ನನಗೆ ಕಂಡಿಲ್ಲ.

ಹಕ್ಕು, ನ್ಯಾಯಾಲಯಗಳತ್ತ ಒಲವಿದ್ದರೆ ಅಮೆರಿಕ. ಆಚರಣೆ, ಇತಿಹಾಸದತ್ತ ಇದ್ದರೆ ಬ್ರಿಟನ್. ಭಾರತದೊಂದಿಗೆ ಹೋಲಿಸುವುದಾದರೆ ಎರಡೂ ಬೇಕು: ಸಂಸದೀಯ ಪದ್ಧತಿ ನಮಗೆ ಬಂದದ್ದು ಬ್ರಿಟನ್ನಿನಿಂದ, ಮೂಲಭೂತ ಹಕ್ಕುಗಳ ಪ್ರೇರಣೆ ಅಮೆರಿಕದಿಂದ.